ಮೊದಲು ಸರಪಳಿ, ಆಮೇಲೆ ವಕಾಲತ್ತು



ಈಚಿನ ದಿನಗಳಲ್ಲಿ ನನ್ನಲ್ಲಿಗೆ ಸಲಹೆ ಕೇಳಿಕೊಂಡು ಬರುವವರಲ್ಲಿ ಹೆಚ್ಚಿನವರ ಪ್ರಶ್ನೆ ವ್ಯಾಕರಣದ್ದೂ ಅಲ್ಲ, ಮಕ್ಕಳ ವಿದ್ಯಾಭ್ಯಾಸದ್ದೂ ಅಲ್ಲ. "ಪಕ್ಕದವರು ಬದು ಒತ್ತಿದ್ದಾರೆ, ಕೋರ್ಟಿಗೆ ಹಾಕಲೇ ಮೇಷ್ಟ್ರೇ?" ಎಂಬುದೇ ಆ ಪ್ರಶ್ನೆ. ಒಬ್ಬೊಬ್ಬರಿಗೂ ದೂರವಾಣಿಯಲ್ಲಿ ಬೇರೆ ಬೇರೆಯಾಗಿ ಉತ್ತರ ಹೇಳುವ ಶಕ್ತಿ ಈಗ ನನಗಿಲ್ಲ. ಆದುದರಿಂದ ಎಲ್ಲರಿಗೂ ಸೇರಿಸಿ ಇಲ್ಲಿಯೇ ಬರೆಯುತ್ತಿದ್ದೇನೆ. ನಾನು ವಕೀಲನಲ್ಲ. ಹಳ್ಳಿಯ ಶಾಲೆಗಳಲ್ಲಿ ಕನ್ನಡವನ್ನೂ, ಗಣಿತದ ಮೇಷ್ಟ್ರು ಇಲ್ಲದ ವರ್ಷಗಳಲ್ಲಿ ಗಣಿತವನ್ನೂ ಕಲಿಸಿದವನು. ಆದರೆ ಓದು ಬರಹ ಬಲ್ಲವನೆಂಬ ಒಂದೇ ಕಾರಣಕ್ಕೆ ಹಳ್ಳಿಯ ಮೇಷ್ಟ್ರು ಎಷ್ಟು ಮಹಜರುಗಳಿಗೆ ಪಂಚನಾಗಿ ರುಜು ಹಾಕಬೇಕಾಗುತ್ತದೆ, ಎಷ್ಟು ಸಮನ್ಸುಗಳನ್ನು ಓದಿ ಅರ್ಥ ಹೇಳಬೇಕಾಗುತ್ತದೆ ಎಂಬುದು ಹಳ್ಳಿಯಲ್ಲಿ ಬೆಳೆದ ನಿಮಗೆ ಗೊತ್ತೇ ಇದೆ. ಆ ಅನುಭವದ ಬಲದಿಂದ ಹೇಳುತ್ತೇನೆ: ಗಡಿಯ ಜಗಳವು ಮೂಲತಃ ಅಳತೆಯ ಪ್ರಶ್ನೆ. ಅಳೆಸದೆಯೇ ಹೂಡಿದ ದಾವೆಯು ನ್ಯಾಯಕ್ಕಾಗಿ ಹೂಡಿದ್ದಲ್ಲ, ಸಿಟ್ಟು ತೀರಿಸಿಕೊಳ್ಳಲು ಹೂಡಿದ್ದು.

ಹೀಗೆಂದ ಕೂಡಲೇ ನಿಮ್ಮಲ್ಲಿ ಹಲವರು "ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ" ಎಂಬ ಗಾದೆಯನ್ನು ಉದ್ಧರಿಸಿ ತಲೆದೂಗಬಹುದು. ದಯವಿಟ್ಟು ತಲೆದೂಗಬೇಡಿ. ಆ ಗಾದೆಯನ್ನು ನಾನು ಒಪ್ಪುವುದಿಲ್ಲ. ಅದನ್ನು ಯಾರು ಯಾರಿಗೆ ಹೇಳುತ್ತಾರೆಂಬುದನ್ನು ಸ್ವಲ್ಪ ಗಮನಿಸಿ ನೋಡಿ. ಬದು ಒತ್ತಿದವನೂ ಅವನ ಕಡೆಯವರೂ ಅದನ್ನು ಒತ್ತಿಸಿಕೊಂಡವನಿಗೆ ಹೇಳುತ್ತಾರೆ. ಒತ್ತಿಸಿಕೊಂಡವನು ಒತ್ತಿದವನಿಗೆ ಹೇಳಿದ್ದನ್ನು ನಾನು ಇದುವರೆಗೆ ಕೇಳಿಲ್ಲ. ನ್ಯಾಯಾಲಯದ ಮೆಟ್ಟಿಲು ಹತ್ತುವುದು ಅಪಮಾನವೂ ಅಲ್ಲ, ಪಾಪವೂ ಅಲ್ಲ. "ಹೋಗಲಿ ಬಿಡು" ಎಂದು ಸುಮ್ಮನಿರುವ ಸಜ್ಜನಿಕೆಗಾದರೋ ನಮ್ಮ ದೇಶದಲ್ಲಿ ತೆರಬೇಕಾದ ಬೆಲೆ ಇದೆ. 1963ರ ಕಾಲಪರಿಮಿತಿ ಕಾಯಿದೆಯ ಪ್ರಕಾರ, ನಿಮ್ಮ ಭೂಮಿಯನ್ನು ಇನ್ನೊಬ್ಬನು ತನ್ನದೆಂದೇ ಸಾರಿ ಬಹಿರಂಗವಾಗಿ, ಎಡೆಬಿಡದೆ 12 ವರ್ಷ ಅನುಭವಿಸಿದರೆ ಅದನ್ನು ಮರಳಿ ಕೇಳುವ ಹಕ್ಕು ನಿಮಗೆ ಉಳಿಯುವುದಿಲ್ಲ. ಪ್ರತಿಕೂಲ ಸ್ವಾಧೀನ ಎಂಬ ಈ ತತ್ತ್ವವನ್ನು 2008ರಲ್ಲಿ ಗುಜರಾತಿನ ಒಂದು ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವೇ ಕಠಿಣವಾಗಿ ಟೀಕಿಸಿ, ಸರಕಾರವು ಇದನ್ನು ಮರುಪರಿಶೀಲಿಸಬೇಕೆಂದು ಹೇಳಿತು. ಆದರೆ ಕಾನೂನು ಆಯೋಗವು 2023ರ ತನ್ನ 280ನೆಯ ವರದಿಯಲ್ಲಿ ಬದಲಾವಣೆ ಬೇಡವೆಂದು ಅಭಿಪ್ರಾಯಪಟ್ಟಿತು. ಕಳ್ಳನಿಗೆ ಬಹುಮಾನ ಕೊಡುವ ಈ ನಿಯಮ ನನಗೆ ಎಳ್ಳಷ್ಟೂ ಹಿಡಿಸದು. ಆದರೂ ಅದು ಇರುವವರೆಗೆ ಸುಮ್ಮನಿರುವುದು ಕ್ಷೇಮವಲ್ಲ. ಕೋರ್ಟಿಗೆ ಹೋಗಬಾರದೆಂದು ನಾನು ಹೇಳುತ್ತಿಲ್ಲ. ಹೋಗುವ ಕ್ರಮವೇ ತಲೆಕೆಳಗಾಗಿದೆ ಎಂಬುದು ನನ್ನ ತಕರಾರು.

ಆ ಕ್ರಮ ಹೇಗಿರುತ್ತದೆಂಬುದಕ್ಕೆ ನಾನು ಕಣ್ಣಾರೆ ಕಂಡ ಒಂದು ವ್ಯಾಜ್ಯವನ್ನೇ ಹೇಳುತ್ತೇನೆ. ಊರಿನ ಹೆಸರು ಬೇಡ, ಎರಡೂ ಮನೆಯ ಮೊಮ್ಮಕ್ಕಳು ನನ್ನ ಬರಹವನ್ನು ಓದುತ್ತಾರೆ. ಎರಡು ತೆಂಗಿನ ತೋಟಗಳ ನಡುವೆ ಸುಮಾರು ಐದು ಸರಪಳಿ ಉದ್ದದ ಒಂದು ಬದು, ಅದರ ಮೇಲೆ ಕತ್ತಾಳೆಯ ಬೇಲಿ. ಮೂಡಣದವರು ವರ್ಷ ವರ್ಷವೂ ಉಳುವಾಗ ಒಂದೊಂದು ಸಾಲು ಒಳಕ್ಕೆ ಬಂದು ಮೂರು ಅಡಿ ನುಂಗಿದ್ದಾರೆಂದು ಪಡುವಣದವರು ಹೇಳಿದರು. ಇಡೀ ಬದುವೇ ತಮ್ಮದೆಂದು ಮೂಡಣದವರು ಹೇಳಿದರು. ಬದುವಿಗೆ ತಾಗಿದ ಒಂದು ಮರದ ಕಾಯಿಯನ್ನು ಯಾರು ಕೆಡವಬೇಕೆಂಬಲ್ಲಿ ಮಾತಿಗೆ ಮಾತು ಬೆಳೆಯಿತು. ಪಡುವಣದವರು ತಾಲ್ಲೂಕು ಕೇಂದ್ರಕ್ಕೆ ಹೋಗಿ ದಾವೆ ಹೂಡಿದರು. ದಾವೆಯಲ್ಲಿ ಕೇಳಿದ್ದು, ತಮ್ಮ ಸ್ವಾಧೀನಾನುಭವಕ್ಕೆ ಪ್ರತಿವಾದಿಯು ಅಡ್ಡಿಪಡಿಸಕೂಡದೆಂಬ ಶಾಶ್ವತ ಪ್ರತಿಬಂಧಕಾಜ್ಞೆ. ಗಡಿ ಎಲ್ಲಿದೆಯೆಂದು ತೋರಿಸುವ ಒಂದು ನಕ್ಷೆಯೂ ಅದರೊಂದಿಗೆ ಇರಲಿಲ್ಲ. ಹಳೆಯ ಕ್ರಯಪತ್ರದಲ್ಲಿದ್ದ ಚಕ್ಕುಬಂದಿಯನ್ನು ವಕೀಲರ ಗುಮಾಸ್ತರು ಇದ್ದಂತೆಯೇ ನಕಲು ಮಾಡಿದ್ದರು: ಪೂರ್ವಕ್ಕೆ ಇಂಥವರ ಜಮೀನು, ಪಶ್ಚಿಮಕ್ಕೆ ಹಳ್ಳ, ಉತ್ತರಕ್ಕೆ ಬಂಡಿದಾರಿ, ದಕ್ಷಿಣಕ್ಕೆ ಮತ್ತೊಬ್ಬರ ಜಮೀನು. ಪೂರ್ವಕ್ಕೆ ಇಂಥವರ ಜಮೀನು ಇದೆಯೆಂಬುದರಲ್ಲಿ ಊರಿನಲ್ಲಿ ಯಾರಿಗೂ ಸಂಶಯವಿರಲಿಲ್ಲ. ಅದು ಎಲ್ಲಿಂದ ಆರಂಭವಾಗುತ್ತದೆ ಎಂಬುದಷ್ಟೇ ಜಗಳ!

ಮುಂದಿನದು ನಿಮಗೆ ಗೊತ್ತಿರುವ ಕಥೆಯೇ. ಮೊದಲು ಯಥಾಸ್ಥಿತಿ ಕಾಪಾಡಬೇಕೆಂಬ ಮಧ್ಯಂತರ ಆದೇಶವಾಯಿತು. ಎರಡೂ ಕಡೆಯವರು ಅದನ್ನು ತಮ್ಮ ಗೆಲುವೆಂದೇ ಊರಲ್ಲಿ ಸಾರಿಕೊಂಡರು. ಆಮೇಲೆ ವಾಯಿದೆಯ ಮೇಲೆ ವಾಯಿದೆ. ನಡುವೆ ವಾದಿ ತೀರಿಕೊಂಡರು. ವಾರಸುದಾರರನ್ನು ದಾಖಲೆಗೆ ತರಬೇಕಾಯಿತು, ಅವರಲ್ಲಿ ಒಬ್ಬ ಮಗಳು ಮದುವೆಯಾಗಿ ದೂರದೂರಿಗೆ ಹೋಗಿದ್ದರು, ಅವರಿಗೆ ನೋಟೀಸು ಮುಟ್ಟಿಸುವುದರಲ್ಲೇ ಒಂದು ಬೇಸಗೆ ಕಳೆಯಿತು. ಸಾಕ್ಷಿ ವಿಚಾರಣೆಯ ಕಾಲಕ್ಕೆ ಊರಿನ ಒಬ್ಬ ಹಿರಿಯರನ್ನು ಪಾಟೀಸವಾಲಿನಲ್ಲಿ "ಬದು ಎಷ್ಟು ಅಗಲವಿತ್ತು?" ಎಂದು ಕೇಳಿದರು. ಆತ "ಎರಡು ಮೊಳ" ಎಂದರು. ಎದುರು ಪಕ್ಷದ ಸಾಕ್ಷಿ "ನಾಲ್ಕು ಮೊಳ" ಎಂದರು. ಇಬ್ಬರೂ ಸುಳ್ಳರಲ್ಲ. ಇಬ್ಬರೂ ಅದನ್ನು ಎಂದೂ ಅಳೆದಿರಲಿಲ್ಲ, ಅಷ್ಟೆ.

ಒಂಬತ್ತನೆಯ ವರ್ಷದಲ್ಲಿ ನ್ಯಾಯಾಲಯವು ಸರ್ವೆ ಇಲಾಖೆಯ ಭೂಮಾಪಕರನ್ನು ಕಮಿಷನರನ್ನಾಗಿ ನೇಮಿಸಿತು. ಅಂದು ನಾನೂ ಪಂಚನಾಗಿ ಅಲ್ಲಿದ್ದೆ. ಅವರು ಮೂಲ ಟಿಪ್ಪಣಿಯ ನಕಲನ್ನು ಹಾಸಿಕೊಂಡು, ಹಳ್ಳದ ಮಗ್ಗುಲಲ್ಲಿ ಒಂದು ಬಾಂದುಕಲ್ಲನ್ನು ಗುರುತಿಸಿ, ಅಲ್ಲಿಂದ ಸರಪಳಿ ಹಿಡಿಸಿದರು. ಟಿಪ್ಪಣಿ ಹೇಳಿದ ಜಾಗದಲ್ಲಿ ಕತ್ತಾಳೆಯನ್ನು ಕಡಿದು ಮೊಣಕಾಲುದ್ದ ಅಗೆದಾಗ ಎರಡನೆಯ ಕಲ್ಲು ಸಿಕ್ಕಿತು. ಬೆಳಗ್ಗೆ ಆರಂಭವಾದ ಕೆಲಸ ಮಧ್ಯಾಹ್ನದ ಊಟದ ಹೊತ್ತಿಗೆ ಮುಗಿಯಿತು. ತಿಳಿದುಬಂದ ಸಂಗತಿ ಇದು: ಬದುವೇ ಸೊಟ್ಟಗಿತ್ತು. ಬಡಗಣ ತುದಿಯಲ್ಲಿ ಮೂಡಣದವರು ಎರಡೂವರೆ ಅಡಿ ಆಚೆ ಹೋಗಿದ್ದರು, ತೆಂಕಣ ತುದಿಯಲ್ಲಿ ಪಡುವಣದವರು ಎರಡು ಅಡಿಯಷ್ಟು ಈಚೆ ಬಂದಿದ್ದರು. ಆ ಕ್ಷಣ ಎರಡೂ ಮನೆಯವರ ಮುಖವನ್ನು ನೋಡಬೇಕಾಗಿತ್ತು. ಯಾರೂ ಮಾತನಾಡಲಿಲ್ಲ.

ಒಂಬತ್ತು ವರ್ಷದ ನಂತರ ಅರ್ಧ ದಿನದಲ್ಲಿ ತಿಳಿದುಬಂದದ್ದು, ಒಂಬತ್ತು ವರ್ಷಕ್ಕೆ ಮೊದಲು ಅರ್ಧ ದಿನದಲ್ಲಿ ತಿಳಿಯುತ್ತಿರಲಿಲ್ಲವೇ? ನನ್ನ ಹಳೆಯ ಗಣಿತದ ತರಗತಿಯ ಲೆಕ್ಕವನ್ನು ಇಲ್ಲಿ ಮಾಡಿ ತೋರಿಸುತ್ತೇನೆ. ವಾದಿಯ ಮಾತನ್ನೇ ಪೂರ್ತಿ ಒಪ್ಪಿ, ಐದು ಸರಪಳಿ ಉದ್ದಕ್ಕೂ ಮೂರು ಅಡಿ ಹೋಗಿದೆಯೆಂದು ಇಟ್ಟುಕೊಳ್ಳೋಣ. ಸರಪಳಿಗೆ 33 ಅಡಿ, ಐದು ಸರಪಳಿಗೆ 165 ಅಡಿ. ಅದನ್ನು 3ರಿಂದ ಗುಣಿಸಿದರೆ 495 ಚದರ ಅಡಿ. ಗುಂಟೆಗೆ 1089 ಚದರ ಅಡಿ. ಅಂದರೆ ಅರ್ಧ ಗುಂಟೆಗೂ ಕಡಿಮೆ. ಅಷ್ಟಕ್ಕಾಗಿ ಖರ್ಚಾದ ಹಣದಲ್ಲಿ ಅದೇ ಊರಿನಲ್ಲಿ ಎಷ್ಟು ಗುಂಟೆ ಕೊಳ್ಳಬಹುದಾಗಿತ್ತು ಎಂಬ ಲೆಕ್ಕವನ್ನು ನಾನು ಹಾಕಲಿಲ್ಲ. ಇನ್ನೊಂದು ನಷ್ಟವನ್ನು ಮಾತ್ರ ಹೇಳಿಬಿಡುತ್ತೇನೆ. ದಾವೆ ಹೂಡಿದ ವರ್ಷ ಆ ಎರಡು ಮನೆಗಳ ಇಬ್ಬರು ಹುಡುಗರು ನನ್ನ ಏಳನೆಯ ತರಗತಿಯಲ್ಲಿ ಒಂದೇ ಬೆಂಚಿನಲ್ಲಿ ಕುಳಿತುಕೊಳ್ಳುತ್ತಿದ್ದರು. ಒಬ್ಬನ ತಂದೆ ಶಾಲೆಗೇ ಬಂದು, ತಮ್ಮ ಹುಡುಗನನ್ನು ಬೇರೆ ಬೆಂಚಿಗೆ ಹಾಕಬೇಕೆಂದು ಕೇಳಿದರು. ನಾನು ಹಾಕಲಿಲ್ಲ. ಮಾರನೆಯ ದಿನ ಹುಡುಗನೇ ಎದ್ದು ಹೋಗಿ ಹಿಂದಿನ ಬೆಂಚಿನಲ್ಲಿ ಕುಳಿತ. ಮುಂದೆ ಎಸ್ಸೆಸ್ಸೆಲ್ಸಿ ಮುಗಿಯುವವರೆಗೂ ಆ ಹುಡುಗರು ಪರಸ್ಪರ ಮಾತನಾಡಿದ್ದನ್ನು ನಾನು ಕಾಣಲಿಲ್ಲ.

ಕಮಿಷನರ ವರದಿಯ ಮೇಲೆ ಎರಡೂ ಕಡೆಯವರು ಆಕ್ಷೇಪಣೆ ಸಲ್ಲಿಸಿದರು. ಕೊನೆಗೆ ದಾವೆ ವಜಾ ಆಯಿತು. ಗಡಿಯ ಬಗ್ಗೆಯೇ ತಕರಾರು ಇರುವಾಗ ಬರಿಯ ಪ್ರತಿಬಂಧಕಾಜ್ಞೆ ಕೇಳಿದರೆ ಸಾಲದು ಎಂಬುದು ಕಾರಣ.

ಈಗ ನನ್ನ ಶಿಷ್ಯರಲ್ಲಿ ವಕೀಲರಾಗಿರುವವರನ್ನು ಕುರಿತು ಎರಡು ಮಾತು. ನೀವು ಸಿಟ್ಟಾಗಬಹುದು, ಆಗಿ. ಬರಿಯ ಪ್ರತಿಬಂಧಕಾಜ್ಞೆಯ ದಾವೆ ನಿಮಗೆ ಸುಲಭವೆಂದು ನಾನು ಬಲ್ಲೆ. ಶುಲ್ಕ ಕಡಿಮೆ, ಕರಡು ಸಿದ್ಧವಾಗಿಯೇ ಇರುತ್ತದೆ, ಮಧ್ಯಂತರ ಆದೇಶ ಸಿಕ್ಕಿದರೆ ಕಕ್ಷಿದಾರನಿಗೆ ಆ ದಿನವೇ ಹಬ್ಬ. ಆದರೆ 2008ರಲ್ಲಿ ಅನಾಥುಲ ಸುಧಾಕರ್ ಮತ್ತು ಬುಚ್ಚಿ ರೆಡ್ಡಿಯವರ ನಡುವಣ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯವು ಹೇಳಿದ್ದನ್ನು ನೀವು ನನಗಿಂತ ಚೆನ್ನಾಗಿ ಓದಿದ್ದೀರಿ. ಹಕ್ಕಿನ ಮೇಲೆ ಮೋಡ ಕವಿದಿದ್ದರೆ ಹಕ್ಕಿನ ಘೋಷಣೆಯನ್ನೂ ಕೇಳಬೇಕು. ಸ್ವಾಧೀನ ತಪ್ಪಿದ್ದರೆ ಸ್ವಾಧೀನವನ್ನೂ ಕೇಳಬೇಕು. ಅದೇ ವರ್ಷ ಹರಿಯಾಣ ವಕ್ಫ್ ಮಂಡಳಿಯ ಪ್ರಕರಣದಲ್ಲಿ ಅದೇ ನ್ಯಾಯಾಲಯವು, ವಿವಾದವು ಗಡಿ ಗುರುತಿಸುವುದನ್ನು ಕುರಿತದ್ದಾದಾಗ ಸ್ಥಳ ತನಿಖೆಗೆ ಕಮಿಷನರನ್ನು ನೇಮಿಸಬೇಕಾಗಿತ್ತೆಂದು ಹೇಳಿತು. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 26ನೆಯ ಆದೇಶದ 9ನೆಯ ನಿಯಮ ಇರುವುದೇ ಇದಕ್ಕಾಗಿ. ಅರ್ಜಿ ಹಾಕಿದರೆ "ಇದು ಸಾಕ್ಷ್ಯ ಸಂಗ್ರಹಿಸುವ ಪ್ರಯತ್ನ, ವಿಚಾರಣೆ ಮುಗಿಯಲಿ" ಎಂದು ತಳ್ಳಿಹಾಕುವುದುಂಟು ಎಂದು ನೀವು ಹೇಳುತ್ತೀರಿ. ನಿಜ. ಹಾಗಾದರೆ ದಾವೆಗೆ ಮೊದಲೇ ಸರ್ವೆ ಇಲಾಖೆಯಿಂದ ಹದ್ದುಬಸ್ತು ಮಾಡಿಸಿ, ಆ ನಕ್ಷೆಯನ್ನು ದಾವೆಗೆ ಲಗತ್ತಿಸುವುದಕ್ಕೆ ಯಾರು ಅಡ್ಡ ಬಂದರು? ಆಗ ನ್ಯಾಯಾಧೀಶರ ಮುಂದೆ ಒಂದು ಪ್ರಶ್ನೆ ಇರುತ್ತದೆ. ಈಗ ಇರುವುದು ಎರಡು ಮೊಳ, ನಾಲ್ಕು ಮೊಳಗಳ ಪುರಾಣ.

ಮೇಲ್ಮನವಿಯ ವಿಷಯದಲ್ಲಿಯೂ ಕಕ್ಷಿದಾರರಿಗೆ ನಿಜ ಹೇಳಿ. ಉಚ್ಚ ನ್ಯಾಯಾಲಯಕ್ಕೆ ಹೋಗುವ ಎರಡನೆಯ ಮೇಲ್ಮನವಿಯಲ್ಲಿ ಕಾನೂನಿನ ಮಹತ್ವದ ಪ್ರಶ್ನೆಯಿದ್ದರೆ ಮಾತ್ರ ವಿಚಾರಣೆ. ಬದು ಎಲ್ಲಿದೆ ಎಂಬುದು ವಾಸ್ತವಾಂಶ, ಕಾನೂನಿನ ಪ್ರಶ್ನೆಯಲ್ಲ. "ಹೈಕೋರ್ಟಿನವರೆಗೂ ಎಳೆಯುತ್ತೇನೆ" ಎಂದು ಮೀಸೆ ತಿರುವುವವರಲ್ಲಿ ಎಷ್ಟು ಜನರಿಗೆ ಇದು ಗೊತ್ತಿದೆ?

ಹದ್ದುಬಸ್ತು ಎಂದರೇನೆಂದು ಪಟ್ಟಣದಲ್ಲಿ ಬೆಳೆದ ನನ್ನ ಕಿರಿಯ ಬಂಧುಗಳು ಕೇಳಬಹುದು. ಹಳೆಯ ಮೈಸೂರಿನಲ್ಲಿ 1863ರಲ್ಲಿ ಆರಂಭವಾದ ಕಂದಾಯ ಸರ್ವೆಯಲ್ಲಿ ಪ್ರತಿಯೊಂದು ಹೊಲವನ್ನೂ ಅಳೆದು, ಸರ್ವೆ ನಂಬರು ಕೊಟ್ಟು, ಮೂಲೆಗಳಲ್ಲಿ ಕಲ್ಲು ನೆಟ್ಟು, ಅಳತೆಗಳನ್ನು ಟಿಪ್ಪಣಿಯೆಂಬ ಕೈನಕ್ಷೆಯಲ್ಲಿ ಬರೆದಿಟ್ಟರು. ಆ ಟಿಪ್ಪಣಿಯ ಆಧಾರದಿಂದ ಗಡಿಯನ್ನು ಮತ್ತೆ ನೆಲದ ಮೇಲೆ ಗುರುತಿಸಿ ಕೊಡುವುದೇ ಹದ್ದುಬಸ್ತು. ಅರ್ಜಿ ಕೊಟ್ಟು ಶುಲ್ಕ ಕಟ್ಟಿದರೆ ಭೂಮಾಪಕರು ಅಕ್ಕಪಕ್ಕದವರಿಗೆ ನೋಟೀಸು ಕೊಟ್ಟು, ಎಲ್ಲರ ಎದುರಿನಲ್ಲಿ ಅಳೆದು, ಮಹಜರು ಬರೆದು, ನಕ್ಷೆ ಕೊಡುತ್ತಾರೆ. ಅವರು ಹಕ್ಕನ್ನು ತೀರ್ಮಾನಿಸಲಾರರು, ಒತ್ತುವರಿ ತೆರವು ಮಾಡಿಸಲಾರರು. ಅದು ಕೋರ್ಟಿನ ಕೆಲಸ. ಆದರೆ ಜಗಳ ಎಷ್ಟು ಅಡಿಯದೆಂದು ಹೇಳಬಲ್ಲರು. ಹೆಚ್ಚಿನ ಜಗಳಗಳು ಅಲ್ಲಿಗೇ ತಣ್ಣಗಾಗುವುದನ್ನು ನಾನು ನೋಡಿದ್ದೇನೆ.

ಇಲ್ಲಿ ಇನ್ನೊಂದು ಸ್ವಾರಸ್ಯವಿದೆ, ಗಣಿತದಲ್ಲಿ ಆಸಕ್ತಿಯುಳ್ಳವರು ಗಮನಿಸಬೇಕು. ಆ ಕಾಲದ ಸರಪಳಿಗೆ ಹದಿನಾರು ಆಣೆ. 33 ಅಡಿಯನ್ನು ಹದಿನಾರು ಭಾಗ ಮಾಡಿದರೆ ಒಂದು ಆಣೆಗೆ ಎರಡು ಅಡಿ ಮುಕ್ಕಾಲು ಅಂಗುಲ. ಟಿಪ್ಪಣಿಯಲ್ಲಿ ಬರೆದಿರುವುದು ಸರಪಳಿ ಮತ್ತು ಆಣೆಗಳಲ್ಲಿ. ಅರ್ಧ ಆಣೆಯೆಂದು ಬರೆದಿದ್ದರೂ ಅದು ಒಂದು ಅಡಿಗಿಂತ ಹೆಚ್ಚು. ಹಾಗಿರುವಾಗ ಅರ್ಧ ಅಡಿಗೆ ಒಬ್ಬರು ಮತ್ತೊಬ್ಬರ ಮೇಲೆ ದಾವೆ ಹೂಡಿ, ಅದೇ ಟಿಪ್ಪಣಿಯನ್ನು ಸಾಕ್ಷ್ಯವಾಗಿ ಹಾಜರುಪಡಿಸುವುದು ರಾಗಿ ಅಳೆಯುವ ಸೇರಿನಲ್ಲಿ ಚಿನ್ನ ತೂಗಿದಂತೆ. ದಾಖಲೆಗೆ ಗೊತ್ತಿಲ್ಲದ್ದನ್ನು ದಾಖಲೆಯಿಂದ ಹೊರಡಿಸಲು ಯಾವ ನ್ಯಾಯಾಧೀಶರಿಗೂ ಸಾಧ್ಯವಿಲ್ಲ.

ಅಳತೆಯ ಮಹತ್ವ ನಮ್ಮ ಹಿರಿಯರಿಗೆ ತಿಳಿಯದ್ದಲ್ಲ. ಬಳ್ಳಿಗಾವೆಯ ಶಾಸನಗಳಲ್ಲಿ ಭೇರುಂಡ ಗಳೆಯೆಂಬ ಭೂಮಿ ಅಳೆಯುವ ಕೋಲಿನ ಹೆಸರು ಬರುತ್ತದೆ. ದತ್ತಿಶಾಸನಗಳಲ್ಲಿ ಚತುಸ್ಸೀಮೆಯನ್ನು ಹುತ್ತ, ಕೆರೆಕೋಡಿ, ನೆಟ್ಟ ಕಲ್ಲು, ಮರ ಇವುಗಳ ಗುರುತು ಹೇಳಿ ವಿವರಿಸಿರುತ್ತಾರೆ. ಎಲ್ಲೆಗೆ ಲಿಂಗಮುದ್ರೆಯ ಕಲ್ಲನ್ನೋ ವಾಮನಮುದ್ರೆಯ ಕಲ್ಲನ್ನೋ ನೆಡುತ್ತಿದ್ದರು. ಸೀಮಾವಿವಾದವು ಧರ್ಮಶಾಸ್ತ್ರಗಳಲ್ಲಿ ಹದಿನೆಂಟು ವ್ಯವಹಾರಪದಗಳಲ್ಲಿ ಒಂದು. ಆರನೆಯ ವಿಕ್ರಮಾದಿತ್ಯನ ಕಾಲದಲ್ಲಿ ನಮ್ಮ ಕಲ್ಯಾಣದಲ್ಲಿಯೇ ಕುಳಿತು ಮಿತಾಕ್ಷರವನ್ನು ಬರೆದ ವಿಜ್ಞಾನೇಶ್ವರನೂ ಅದನ್ನು ಚರ್ಚಿಸಿದ್ದಾನೆ. ಮನುಸ್ಮೃತಿಯ ಅನೇಕ ಮಾತುಗಳನ್ನು ನಾನು ಒಪ್ಪುವವನಲ್ಲ. ಆದರೆ ಎಲ್ಲೆಯ ವಿವಾದವನ್ನು ಜ್ಯೇಷ್ಠ ಮಾಸದಲ್ಲಿ, ಗುರುತುಗಳು ಚೆನ್ನಾಗಿ ಕಾಣುವಾಗ ತೀರ್ಮಾನಿಸಬೇಕೆಂದೂ, ಕೊಳೆಯದ ಇದ್ದಿಲು, ಬೂದಿ, ಮಡಕೆಯ ಚೂರುಗಳನ್ನು ಗಡಿಯಲ್ಲಿ ಗುಪ್ತವಾಗಿ ಹೂಳಬೇಕೆಂದೂ ಅದು ಹೇಳುವಾಗ, ಬರೆದವನಿಗೆ ರೈತರ ಸ್ವಭಾವ ಗೊತ್ತಿತ್ತೆಂದು ಒಪ್ಪಿಕೊಳ್ಳಲೇಬೇಕು. ಮೇಲಿನ ಗುರುತನ್ನು ರಾತ್ರೋರಾತ್ರಿ ಕಿತ್ತು ಬಿಸಾಡುವವರು ಆಗಲೂ ಇದ್ದರು.

ಕೋರ್ಟೂ ಬೇಡ, ಸರ್ವೆಯೂ ಬೇಡ, ಊರ ಹಿರಿಯರು ಕುಳಿತು ಪಂಚಾಯ್ತಿ ಮಾಡಿದರೆ ಸಾಲದೇ ಎಂದು ಕೇಳುವವರಿದ್ದಾರೆ. ವಯಸ್ಸಾದವರಿಗೆ ಈ ಮಾತು ಬಹಳ ಪ್ರಿಯ. ಎರಡು ಸಮಬಲದ ಮನೆಗಳ ನಡುವೆ ಆದರೆ ಅದು ಸಾಲಬಹುದು. ನಾನು ಕಂಡ ಇನ್ನೊಂದು ಪ್ರಕರಣದಲ್ಲಿ ಒಬ್ಬ ವಿಧವೆ ತಾಯಿ. ಗಂಡುಮಕ್ಕಳಿಲ್ಲ. ಗಂಡ ತೀರಿಕೊಂಡ ಮರುವರ್ಷವೇ ಪಕ್ಕದ ಹೊಲದವರ ಬದು ನಡೆಯತೊಡಗಿತು. ಬದುವಿಗೆ ಕಾಲು ಬರುವುದು ಹೆಚ್ಚಾಗಿ ಇಂಥವರ ಹೊಲದ ಕಡೆಗೇ ಎಂಬುದನ್ನು ನೀವೂ ನೋಡಿರುತ್ತೀರಿ. ಹಿರಿಯರು ಕುಳಿತರು. "ಹೆಣ್ಣುಮಗಳು ಕೋರ್ಟು ಕಚೇರಿ ಅಲೆಯುವುದು ಚೆನ್ನಲ್ಲ, ಹೊಂದಿಕೊಂಡು ಹೋಗಮ್ಮ" ಎಂದು ತೀರ್ಪು ಕೊಟ್ಟರು. ಹೊಂದಿಕೊಂಡು ಹೋಗುವುದೆಂದರೆ ಯಾರು ಎಷ್ಟು ಹೊಂದಿಕೊಳ್ಳಬೇಕು ಎಂಬುದನ್ನು ಅವರು ಹೇಳಲಿಲ್ಲ. ಆ ತಾಯಿ ಹೊಂದಿಕೊಳ್ಳಲಿಲ್ಲ. ಹದ್ದುಬಸ್ತಿಗೆ ಅರ್ಜಿ ಹಾಕಿದರು. ಮೊದಲ ಸಲ ಭೂಮಾಪಕರು ಬಂದಾಗ ಪಕ್ಕದವರು ನೋಟೀಸು ತೆಗೆದುಕೊಳ್ಳದೆ ತಪ್ಪಿಸಿಕೊಂಡರು. ಆಕೆ ಬಿಡದೆ ಮತ್ತೆ ನೋಟೀಸು ಕೊಡಿಸಿ ಅಳೆಸಿದರು. ನಾಲ್ಕು ಗುಂಟೆ ಹೋಗಿತ್ತು. ಆ ನಕ್ಷೆಯನ್ನು ಹಿಡಿದುಕೊಂಡು ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋದರು. 1987ರ ಕಾನೂನು ಸೇವೆಗಳ ಪ್ರಾಧಿಕಾರ ಕಾಯಿದೆಯಲ್ಲಿ ಹೆಣ್ಣುಮಕ್ಕಳಿಗೆ ಆದಾಯದ ಮಿತಿಯಿಲ್ಲದೆ ಉಚಿತ ವಕೀಲರ ನೆರವು ಸಿಗುತ್ತದೆ. ಇದನ್ನು ನನ್ನ ವಿದ್ಯಾರ್ಥಿನಿಯರು ಗಟ್ಟಿಯಾಗಿ ನೆನಪಿಟ್ಟುಕೊಳ್ಳಬೇಕು. ಹಕ್ಕಿನ ಘೋಷಣೆಗೂ ಸ್ವಾಧೀನಕ್ಕೂ ದಾವೆ ಹೂಡಿದರು. ನಕ್ಷೆಯನ್ನು ಕಂಡ ಮೇಲೆ ಎದುರು ಪಕ್ಷಕ್ಕೆ ವಾದಿಸುವುದಕ್ಕೆ ಹೆಚ್ಚೇನೂ ಉಳಿಯಲಿಲ್ಲ. ಲೋಕ ಅದಾಲತ್ತಿನಲ್ಲಿ ನಾಲ್ಕು ಗುಂಟೆಯನ್ನೂ ಬಿಟ್ಟುಕೊಟ್ಟು ರಾಜಿಯಾದರು. ಅಲ್ಲಿಯ ರಾಜಿಗೆ ಡಿಕ್ರಿಯ ಬಲವಿದೆ, ಮೇಲ್ಮನವಿ ಇಲ್ಲ, ಕಟ್ಟಿದ ನ್ಯಾಯಾಲಯ ಶುಲ್ಕವೂ ಹಿಂದಿರುಗುತ್ತದೆ. ಆ ತಾಯಿಗೆ ಓದು ಬರುತ್ತಿರಲಿಲ್ಲ. ಮೊದಲು ಹೇಳಿದ ತೆಂಗಿನ ತೋಟದ ಎರಡೂ ಮನೆಗಳಲ್ಲಿ ಪದವೀಧರರಿದ್ದರು.

ಬಲವಂತವಾಗಿ ಹೊರದೂಡಿದ ಪ್ರಸಂಗವಾದರೆ ಇನ್ನೊಂದು ದಾರಿಯಿದೆ. ಆರು ತಿಂಗಳೊಳಗೆ ದಾವೆ ಹೂಡಿದರೆ, ಹಕ್ಕಿನ ಪ್ರಶ್ನೆಯನ್ನು ಬದಿಗಿರಿಸಿ ಸ್ವಾಧೀನವನ್ನು ಮೊದಲು ಮರಳಿ ಕೊಡಿಸುವ ಅವಕಾಶ 1963ರ ನಿರ್ದಿಷ್ಟ ಪರಿಹಾರ ಕಾಯಿದೆಯ 6ನೆಯ ಕಲಮಿನಲ್ಲಿದೆ. ಅಂಥ ಹೊತ್ತಿನಲ್ಲಿ ಸರ್ವೆಗೆಂದು ಕಾಯುತ್ತ ಕೂರಬೇಡಿ.

ಸರಕಾರದ ತಪ್ಪನ್ನು ಹೇಳದೆ ಹೋದರೆ ಈ ಬರಹ ಅನ್ಯಾಯವಾದೀತು. 1963ರಲ್ಲಿ ಶಾನುಭೋಗಿಕೆ, ಪಟೇಲಿಕೆಗಳು ರದ್ದಾದವು. ವಂಶಪಾರಂಪರ್ಯದ ಆ ಅಧಿಕಾರ ಹೋದದ್ದು ಒಳ್ಳೆಯದೇ ಆಯಿತು. ಆದರೆ ಪ್ರತಿಯೊಂದು ಬಾಂದುಕಲ್ಲೂ ಎಲ್ಲಿದೆಯೆಂದು ಬಲ್ಲ ಒಬ್ಬ ಮನುಷ್ಯ ಊರಿನಲ್ಲಿ ಇಲ್ಲವಾದ. ಕಲ್ಲನ್ನು ಕಿತ್ತರೆ ಕೇಳುವವರಿಲ್ಲವಾದರು. 2000ದ ಆಸುಪಾಸಿನಲ್ಲಿ ಭೂಮಿ ಯೋಜನೆಯಡಿ ಪಹಣಿಗಳನ್ನು ಗಣಕಯಂತ್ರಕ್ಕೆ ಏರಿಸಿದರು. ಅದಕ್ಕೆ ದೇಶವೆಲ್ಲ ಮೆಚ್ಚಿಗೆ ಸೂಚಿಸಿತು, ನಾನೂ ಸೂಚಿಸಿದೆ. ಆದರೆ ಏರಿಸಿದ್ದು ಅಕ್ಷರಗಳನ್ನು, ನಕ್ಷೆಯನ್ನಲ್ಲ. ಪಹಣಿಯಲ್ಲಿ ನಿಮ್ಮ ಹೆಸರಿದೆ, ಎರಡು ಎಕರೆ ಹತ್ತು ಗುಂಟೆ ಎಂದಿದೆ. ಆ ಎರಡು ಎಕರೆ ಹತ್ತು ಗುಂಟೆ ನೆಲದ ಮೇಲೆ ಎಲ್ಲಿದೆಯೆಂದು ಪಹಣಿ ಹೇಳಲಾರದು. ಅಣ್ಣತಮ್ಮಂದಿರು ಪಾಲು ಮಾಡಿಕೊಂಡು ಪೋಡಿ ಮಾಡಿಸದೆ ಬಿಟ್ಟಿದ್ದರಂತೂ ಮುಗಿಯಿತು. ಸರ್ವೆ ನಂಬರಿನ ಹೊರಗಡಿ ಸಿಕ್ಕೀತು, ನಿಮ್ಮ ಪಾಲಿನ ಗಡಿ ಯಾವ ಟಿಪ್ಪಣಿಯಲ್ಲೂ ಇರುವುದಿಲ್ಲ. ಪೋಡಿಗೂ ಹದ್ದುಬಸ್ತಿಗೂ ತಿಂಗಳುಗಟ್ಟಲೆ ಕಾಯಿಸುವ ಇಲಾಖೆಯೇ ಜನರನ್ನು ಕೋರ್ಟಿನ ಕಡೆಗೆ ತಳ್ಳುತ್ತಿದೆ. ಬೆಂಗಳೂರಿನ ದಕ್ಷ್ ಸಂಸ್ಥೆ 2016ರಲ್ಲಿ ಪ್ರಕಟಿಸಿದ ಸಮೀಕ್ಷೆಯಲ್ಲಿ, ದೇಶದ ಸಿವಿಲ್ ವ್ಯಾಜ್ಯಗಳಲ್ಲಿ ಸುಮಾರು ಮೂರನೆಯ ಎರಡು ಭಾಗ ಭೂಮಿ ಮತ್ತು ಆಸ್ತಿಯವೇ ಎಂದು ಕಂಡುಬಂದಿತು. ಭೂಮಾಪಕರ ಕೆಲಸವನ್ನು ನ್ಯಾಯಾಧೀಶರ ತಲೆಗೆ ಕಟ್ಟಿದರೆ ಇನ್ನೇನಾದೀತು?

ಊರೊಳಗಣ ಮನೆಗಳದು ಬೇರೆಯೇ ತೊಡಕು. ಹಳೆಯ ಸರ್ವೆಯಲ್ಲಿ ಗ್ರಾಮಠಾಣಾ ಒಳಗಿನ ಮನೆಗಳನ್ನು ಒಂದೊಂದಾಗಿ ಅಳೆದಿರಲಿಲ್ಲ. 2020ರ ಏಪ್ರಿಲ್‌ನಲ್ಲಿ ಆರಂಭವಾದ ಸ್ವಾಮಿತ್ವ ಯೋಜನೆಯಲ್ಲಿ ಡ್ರೋನ್ ಹಾರಿಸಿ ಮನೆಗಳ ಗಡಿಯನ್ನು ನಕ್ಷೆಗೆ ಇಳಿಸುವ ಕೆಲಸಕ್ಕೆ ಕೈಹಾಕಿದ್ದು ಈ ಕಾರಣಕ್ಕೇ. ನಿಮ್ಮ ಊರಿಗೆ ಅವರು ಬಂದಾಗ ಮನೆಯಲ್ಲಿ ಯಾರಾದರೂ ಇರಿ. ಗೋಡೆಯ ಸಂದಿ, ಸೂರಿನ ನೀರು, ಕಿಟಕಿಯ ಬೆಳಕು ಇವುಗಳ ಜಗಳದಲ್ಲಿ ಅಳತೆಯೊಂದೇ ಸಾಲದು. 1882ರ ಅನುಭೋಗದ ಹಕ್ಕುಗಳ ಕಾಯಿದೆಯ ಪ್ರಕಾರ 20 ವರ್ಷ ಅಡ್ಡಿಯಿಲ್ಲದೆ ಅನುಭವಿಸಿಕೊಂಡು ಬಂದ ದಾರಿ, ಬೆಳಕುಗಳಿಗೆ ಹಕ್ಕು ಹುಟ್ಟುತ್ತದೆ. ನಿವೇಶನದ ಕ್ರಯಪತ್ರದಲ್ಲಿ ಅಳತೆಗೂ ಚಕ್ಕುಬಂದಿಗೂ ಹೊಂದಿಕೆಯಾಗದಿದ್ದರೆ ಸಾಮಾನ್ಯವಾಗಿ ಚಕ್ಕುಬಂದಿಯ ಮಾತೇ ನಡೆಯುತ್ತದೆ ಎಂಬುದನ್ನೂ ತಿಳಿದಿರಿ. "ಪತ್ರದಲ್ಲಿ ಮೂವತ್ತು ನಲವತ್ತು ಎಂದಿದೆ" ಎಂದು ಟೇಪು ಹಿಡಿದು ಪಕ್ಕದವರ ಗೋಡೆಯ ಮೇಲೆ ಏರಿ ಹೋಗುವ ಮುನ್ನ ಇದನ್ನು ಯೋಚಿಸಿ. ಪಕ್ಕದವರೊಂದಿಗೆ ಒಪ್ಪಂದಕ್ಕೆ ಬಂದರೆ ಬಾಯಿಮಾತಿಗೆ ಬಿಡದೆ, ನಕ್ಷೆ ಸಹಿತ ಬರೆಯಿಸಿ ನೋಂದಣಿ ಮಾಡಿಸಿ.

ಇನ್ನು ಬೆಂಗಳೂರಿನಲ್ಲಿಯೂ ಅಮೆರಿಕ, ಆಸ್ಟ್ರೇಲಿಯಗಳಲ್ಲಿಯೂ ಇರುವ ನನ್ನ ಶಿಷ್ಯರಿಗೂ ಬಂಧುಗಳಿಗೂ ಒಂದು ಮಾತು. ಇದು ನಿಮಗೆ ಕಹಿಯಾಗಬಹುದು. ಹಳ್ಳಿಯ ಎಷ್ಟೋ ಗಡಿ ವ್ಯಾಜ್ಯಗಳು ಇಂದಿಗೂ ಉಸಿರಾಡುತ್ತಿರುವುದು ನೀವು ಕಳುಹಿಸುವ ಹಣದಿಂದ. ಊರಿನಲ್ಲಿರುವ ಅಣ್ಣನು "ಮರ್ಯಾದೆ ಪ್ರಶ್ನೆ" ಎಂದು ದೂರವಾಣಿ ಮಾಡುತ್ತಾನೆ. ನೀವು ಆ ಬದುವನ್ನು ನೋಡಿ ಇಪ್ಪತ್ತು ವರ್ಷವಾಗಿರುತ್ತದೆ. ಆದರೂ ಅಧಿಕಾರಪತ್ರಕ್ಕೆ ಸಹಿ ಹಾಕಿ, ವಕೀಲರ ಶುಲ್ಕವನ್ನು ಬ್ಯಾಂಕಿನ ಮೂಲಕ ಕಳುಹಿಸಿ, ತಾಯ್ನೆಲದ ಋಣ ತೀರಿಸಿದೆವೆಂದು ತೃಪ್ತಿಪಡುತ್ತೀರಿ. ಆ ಅಣ್ಣನಿಗೆ ಸ್ವಂತ ದುಡಿಮೆಯ ಹಣ ಮಾತ್ರ ಇದ್ದಿದ್ದರೆ ಎರಡನೆಯ ವರ್ಷಕ್ಕೆ ರಾಜಿಯಾಗುತ್ತಿದ್ದ. ಪಕ್ಕದ ಮನೆಯವನ ಮಕ್ಕಳೂ ಹೊರದೇಶದಲ್ಲಿದ್ದರೆ ಕೇಳುವುದೇ ಬೇಡ. ಎರಡು ಡಾಲರು ಖಜಾನೆಗಳ ನಡುವೆ ಮೂರು ಅಡಿ ಬದು! ಮುಂದಿನ ಸಲ ಹಣ ಕೇಳಿದಾಗ "ಹದ್ದುಬಸ್ತಿನ ನಕ್ಷೆ ಕಳುಹಿಸು" ಎಂದು ಮೊದಲು ಕೇಳಿ. ನಕ್ಷೆ ಬಂದರೆ ಹಣ ಕಳುಹಿಸಿ. ನಕ್ಷೆಯ ಬದಲು ಬೈಗುಳ ಬಂದರೆ ವಿಷಯವೇನೆಂದು ನಿಮಗೆ ಅರ್ಥವಾಗುತ್ತದೆ.

ಅರ್ಜಿ ಹಾಕುವವರು ಸುಗ್ಗಿ ಮುಗಿದು ಹೊಲ ಬಯಲಾಗುವ ಹೊತ್ತಿಗೆ ಅಳತೆಯ ದಿನ ಬರುವಂತೆ ನೋಡಿಕೊಳ್ಳಿ. ಬೆಳೆ ನಿಂತಿರುವಾಗ ಸರಪಳಿ ಎಳೆಯಲು ಯಾರೂ ಒಪ್ಪುವುದಿಲ್ಲ. ನಾಡಕಚೇರಿಗೆ ಹೋಗುವ ಮೊದಲು ತಾಲ್ಲೂಕು ಸರ್ವೆ ಶಾಖೆಯಿಂದ ಟಿಪ್ಪಣಿ ಮತ್ತು ಆಕಾರ್‌ಬಂದ್‌ಗಳ ನಕಲು ತೆಗೆದಿಡಿ. ಕೆಲವು ಕಡೆ ಟಿಪ್ಪಣಿ ಹರಿದುಹೋಗಿರುತ್ತದೆ, ಅದು ಮೊದಲೇ ತಿಳಿದರೆ ಒಳ್ಳೆಯದು. ಭೂಮಾಪಕರು ಬರುವ ದಿನವನ್ನು ಇಲಾಖೆಯ ನೋಟೀಸಿಗೇ ಬಿಡದೆ, ನೀವೇ ಪಕ್ಕದ ಮನೆಗೆ ಹೋಗಿ ಹೇಳಿ ಬನ್ನಿ. ಮಾತು ಬಿಟ್ಟಿದ್ದರೆ ಮನೆಯ ಹೆಂಗಸರ ಮೂಲಕವಾದರೂ ಹೇಳಿಕಳುಹಿಸಿ. ಸಾಮಾನ್ಯವಾಗಿ ಅವರು ಮಾತು ಬಿಟ್ಟಿರುವುದಿಲ್ಲ.

ಬೋರ್‌ವೆಲ್ ಮತ್ತು ಕಾಲುವೆ ನೀರಿನ ಪಾಳಿಯ ಬಗ್ಗೆ ಕೇಳಿದ ಇಬ್ಬರಿಗೆ ಬೇರೆಯಾಗಿ ಬರೆಯುತ್ತೇನೆ. ಅದರ ಕಾನೂನು ಬೇರೆ, ಜಗಳವೂ ಬೇರೆ.